ಸಿನಿಮಾವೋ ಸಾಕ್ಷ್ಯಚಿತ್ರವೋ, ಒಂದನ್ನೇ ಹಿಡಿಯಬಾರದೇ?

ನಾನು ಸಂಕಲನಕಾರನೆಂದು ತಿಳಿದ ಶಿವಮೊಗ್ಗದ ಪರಿಚಿತರು, ಅದರಲ್ಲೂ ಈ ಕೆಲಸಕ್ಕೆ ಬರಬೇಕೆಂದಿರುವ ಹುಡುಗ ಹುಡುಗಿಯರು, ತಪ್ಪದೆ ಕೇಳುವ ಪ್ರಶ್ನೆಯೊಂದಿದೆ: “ಒಮ್ಮೆ ಸಿನಿಮಾ, ಒಮ್ಮೆ ಸಾಕ್ಷ್ಯಚಿತ್ರ ಅಂತ ಓಡಾಡುವ ಬದಲು ಒಂದನ್ನೇ ಹಿಡಿದುಕೊಂಡಿದ್ದರೆ ನಿಮಗೆ ಹೆಸರು ಬರುತ್ತಿರಲಿಲ್ಲವೇ ಸರ್?” ಹೊಟ್ಟೆಪಾಡಿನ ಉತ್ತರ ಚಿಕ್ಕದು. ಕಥಾಚಿತ್ರದ ಕೆಲಸ ವರ್ಷವಿಡೀ ಸಿಗುವುದಿಲ್ಲ. ಸಿಕ್ಕಿದರೂ ಸಂಭಾವನೆಯ ಕೊನೆಯ ಕಂತು ಬಿಡುಗಡೆಯ ದಿನವನ್ನು ಕಾಯುತ್ತಿರುತ್ತದೆ. ಕಾರಣ ಅಷ್ಟೇ ಆಗಿದ್ದರೆ ನಾನು ಯಾವತ್ತೋ ಬೇರೆ ಉದ್ಯೋಗ ನೋಡಿಕೊಳ್ಳುತ್ತಿದ್ದೆ.

ಕಥಾಚಿತ್ರದ ಫುಟೇಜ್ ಬರುವಾಗ ಚಿತ್ರಕಥೆಯೂ ಜೊತೆಗೇ ಬರುತ್ತದೆ. ಒಂದೇ ಮಾತನ್ನು ನಟ ಹಲವು ಟೇಕುಗಳಲ್ಲಿ ಹಲವು ರೀತಿ ಆಡಿರುವುದರಿಂದ ಆಯ್ಕೆ ನನ್ನ ಮುಂದಿರುತ್ತದೆ. ಅವನ ಮೌನ ಚಿಕ್ಕದಾಯಿತೆನ್ನಿಸಿದರೆ ಎದುರಿನವರ ಮುಖವನ್ನು ನಡುವೆ ಸೇರಿಸಿ ಹಿಗ್ಗಿಸಬಹುದು. ಸಾಕ್ಷ್ಯಚಿತ್ರದಲ್ಲಿ ಎರಡನೆಯ ಟೇಕ್ ಎಂಬುದೇ ಅಪರೂಪ, ಚಿತ್ರಕಥೆ ಬಹುಪಾಲು ಹುಟ್ಟುವುದೂ ಎಡಿಟಿಂಗ್ ಮೇಜಿನ ಮೇಲೆಯೇ.

ಲಿಂಗನಮಕ್ಕಿ ಅಣೆಕಟ್ಟು 1964ರಲ್ಲಿ ಪೂರ್ಣಗೊಂಡು ಶರಾವತಿ ಕಣಿವೆಯ ಊರುಗಳು ಮುಳುಗಿದ ಕಥೆಯನ್ನು ಹೇಳುವ ಚಿತ್ರವೊಂದರಲ್ಲಿ, ಸಾಗರದ ಕಡೆಯ ಅಜ್ಜಿಯೊಬ್ಬರು ಮೆಟ್ಟುಗತ್ತಿಯ ಮುಂದೆ ಕುಳಿತು ಅಡಿಕೆ ಸುಲಿಯುತ್ತಿದ್ದರು. ಊರು ಬಿಟ್ಟ ದಿನದ ಬಗ್ಗೆ ಕೇಳಿದಾಗ ಅವರು ತಲೆ ಎತ್ತದೆ ಮೂರ್ನಾಲ್ಕು ಅಡಿಕೆ ಸುಲಿದು, ಆಮೇಲೆ ಮನೆಯ ಸುದ್ದಿಯನ್ನೇ ಎತ್ತದೆ ಹಿಂದೆ ಉಳಿದ ದನಗಳ ವಿಷಯ ಹೇಳಿದರು. ಅವಧಿ ಕಡಿಮೆ ಮಾಡಲು ಆ ಮೌನವನ್ನು ತೆಗೆಯಿರಿ ಎಂಬ ಒತ್ತಾಯ ಬಂತು. ತೆಗೆದು ನೋಡಿದರೆ, ಮೊದಲೇ ಸಿದ್ಧಮಾಡಿಟ್ಟುಕೊಂಡ ಉತ್ತರವನ್ನು ಅಜ್ಜಿ ಒಪ್ಪಿಸಿದ ಹಾಗೆ ಕಾಣುತ್ತಿತ್ತು. ನಟನ ಮೌನವನ್ನು ಕತ್ತರಿಸಿದರೆ ಪಾತ್ರ ಬದಲಾಗುತ್ತದೆ, ಇಲ್ಲಿ ಬದಲಾಗುವುದು ಬದುಕಿರುವ ಮನುಷ್ಯರ ಸಾಕ್ಷ್ಯ. ಮೌನ ಉಳಿಯಿತು, ಬದಲಿಗೆ ಹಿನ್ನೀರಿನ ಸುಂದರ ಡ್ರೋನ್ ದೃಶ್ಯಗಳು ಹೋದವು, ಅವು ಹೋಗಿದ್ದಕ್ಕೆ ನನಗೇನೂ ಬೇಸರವಿಲ್ಲ.

ಅದೇ ಸಂದರ್ಶನ ನಮ್ಮ ಮಳೆಗಾಲದಲ್ಲಿ ನಡೆದಿದ್ದರೆ ಇನ್ನೊಂದು ತೊಡಕು ಏಳುತ್ತಿತ್ತು. ಹಂಚಿನ ಮಾಡಿನ ಮೇಲೆ ಬೀಳುವ ಮಳೆ ನಿಮಿಷಕ್ಕೊಂದು ಬಗೆಯ ಸದ್ದು ಮಾಡುವುದರಿಂದ, ಮಾತನ್ನು ಎಲ್ಲಿ ಕತ್ತರಿಸಿದರೂ ಹಿನ್ನೆಲೆಯ ಸದ್ದು ಜಿಗಿದು ಕತ್ತರಿ ಬಿದ್ದ ಜಾಗವನ್ನು ಎತ್ತಿ ತೋರಿಸುತ್ತದೆ. ಯಾರೂ ಮಾತನಾಡದೆ ಬರೀ ಮಳೆಯನ್ನು ರೆಕಾರ್ಡ್ ಮಾಡಿಕೊಂಡು ಬಂದಿದ್ದರೆ ಅದನ್ನು ಅಡಿಯಲ್ಲಿ ಉದ್ದಕ್ಕೂ ಹಾಸಬಹುದು. ಮುಂದಿನ ಶಾಟಿನ ಸದ್ದನ್ನು ಅದರ ದೃಶ್ಯಕ್ಕಿಂತ ತುಸು ಮುಂಚೆ ಶುರುಮಾಡಿದರೆ ಕಟ್ ಕಣ್ಣಿಗೆ ಬೀಳುವುದಿಲ್ಲ. ಈ ಕೈಚಳಕ ನನಗೆ ಬಂದದ್ದು ಕಥಾಚಿತ್ರಗಳಿಂದ. ಕಾಯುವುದನ್ನು ಕಲಿಸಿದ್ದು ಸಾಕ್ಷ್ಯಚಿತ್ರ.

ಇನ್ನು ಹೆಸರಿನ ಮಾತು. ಥೆಲ್ಮಾ ಸ್ಕೂನ್‌ಮೇಕರ್ 1970ರ ‘ವುಡ್‌ಸ್ಟಾಕ್’ ಸಾಕ್ಷ್ಯಚಿತ್ರದ ಸಂಕಲನಕ್ಕೆ ಆಸ್ಕರ್ ನಾಮನಿರ್ದೇಶನ ಪಡೆದು, 1980ರ ‘ರೇಜಿಂಗ್ ಬುಲ್’ ಕಥಾಚಿತ್ರಕ್ಕೆ ಆ ಪ್ರಶಸ್ತಿಯನ್ನೇ ಗೆದ್ದರು. ವಾಲ್ಟರ್ ಮರ್ಚ್ ‘ದಿ ಇಂಗ್ಲಿಷ್ ಪೇಷಂಟ್’ ಕಥಾಚಿತ್ರದ ಸಂಕಲನಕ್ಕೆ ಆಸ್ಕರ್ ಪಡೆದ ಎಷ್ಟೋ ವರ್ಷಗಳ ನಂತರ ಭೌತವಿಜ್ಞಾನಿಗಳ ಕುರಿತ ಸಾಕ್ಷ್ಯಚಿತ್ರವೊಂದನ್ನು ಸಂಕಲಿಸಿದರು. ಅವರ ಸಾಲಿನಲ್ಲಿ ನಿಲ್ಲುವವನು ನಾನಲ್ಲ. ಎರಡು ಕಡೆ ಕಾಲಿಟ್ಟರೆ ಹೆಸರು ಕೆಡುತ್ತದೆಂಬ ಭಯಕ್ಕೆ ಆಧಾರವಿಲ್ಲವೆಂದಷ್ಟೇ ಹೇಳುತ್ತಿದ್ದೇನೆ. ಕೆಲಸ ಕಲಿಯಲು ಬರುವವರಿಗೆ ನಾನು ಮೊದಲು ಕೊಡುವುದು ಗ್ರಾಮಸಭೆಯೊಂದರ ಗಂಟೆಗಟ್ಟಲೆ ಫುಟೇಜ್. ಯಾರ ಮಾತಿನ ಅರ್ಥವೂ ಕೆಡದಂತೆ ಅದನ್ನು ಐದು ನಿಮಿಷಕ್ಕೆ ಇಳಿಸಿ ತಂದವರಿಗೆ ಮಾತ್ರ ಕಥಾಚಿತ್ರದ ದೃಶ್ಯ ಕೊಡುತ್ತೇನೆ.