ಹದಿನೇಳು ಸೆಕೆಂಡಿನ ಕೆಲಸ

ಪ್ರಯೋಗಶೀಲ ಚಲನಚಿತ್ರಕಾರ ಲೆನ್ ಲೈ 1935ರಲ್ಲಿ ಫಿಲ್ಮಿನ ಮೇಲೆಯೇ ಬಣ್ಣ ಬಳಿದು ಚಿತ್ರ ಮಾಡಿದ್ದನ್ನೂ, ಸ್ಟ್ಯಾನ್ ಬ್ರಾಕೇಜ್ 1963ರಲ್ಲಿ ಪತಂಗದ ರೆಕ್ಕೆಗಳನ್ನು ಪಾರದರ್ಶಕ ಟೇಪಿಗೆ ಅಂಟಿಸಿ ಕ್ಯಾಮೆರಾದ ಹಂಗಿಲ್ಲದೆ ಚಿತ್ರ ಮಾಡಿದ್ದನ್ನೂ ನಾನು ಓದಿದ್ದೆ. ಆದರೆ ಪ್ರಯೋಗಾತ್ಮಕ ಚಿತ್ರಗಳನ್ನು ಮಾಡುವ ಕಲಾವಿದೆಯೊಬ್ಬರ ಬಳಿ ಒಂದು ದಿನ ಕುಳಿತು ಸೂಜಿಯಿಂದ ಫಿಲ್ಮನ್ನು ಕೆರೆಯುವವರೆಗೆ, ಈ ಕೆಲಸದ ಕಷ್ಟ ಎಲ್ಲಿದೆ ಎಂಬುದು ನನಗೆ ಗೊತ್ತಿರಲಿಲ್ಲ.

ಅವರು ಕೊಟ್ಟದ್ದು ಪೂರ್ತಿ ಕಪ್ಪಾಗಿ ಸಂಸ್ಕರಿಸಿದ, 16 ಮಿಲಿಮೀಟರಿನ ಹತ್ತು ಅಡಿ ಬಣ್ಣದ ಫಿಲ್ಮ್. ಅಡಿಗೆ 40 ಚೌಕಟ್ಟು, ಅಂದರೆ 40 ಬಿಡಿ ಚಿತ್ರ; ಪರದೆಯ ಮೇಲೆ ಓಡುವುದು ಸೆಕೆಂಡಿಗೆ 24. ಅಂದರೆ ದಿನವಿಡೀ ದುಡಿದರೂ ಪರದೆಯ ಮೇಲೆ ಸುಮಾರು ಹದಿನೇಳು ಸೆಕೆಂಡು. ಬಣ್ಣದ ಲೇಪನವಿರುವ ಮಗ್ಗುಲು ಯಾವುದೆಂದು ಕೇಳಿದಾಗ, "ಒದ್ದೆ ತುಟಿಗೆ ತಾಗಿಸಿ ನೋಡಿ, ಅಂಟಿಕೊಳ್ಳುವುದೇ ಆ ಮಗ್ಗುಲು" ಎಂದರು. ನೋಡಿದೆ, ಅಂಟಿತು.

ನನ್ನನ್ನು ಮರುಳು ಮಾಡಿದ್ದು ಬಣ್ಣ. ಸೂಜಿಯನ್ನು ಹಗುರವಾಗಿ ಎಳೆದರೆ ಗೀರು ಹಸಿರು, ತುಸು ಒತ್ತಿದರೆ ಹಳದಿ, ಇನ್ನೂ ಒತ್ತಿದರೆ ಬಿಳಿ. ಮೇಲಿನ ಕೆನ್ನೇರಳೆ ಪದರ ಕಿತ್ತರೆ ಉಳಿದ ನೀಲಿ-ಹಳದಿ ಪದರಗಳು ಸೇರಿ ಹಸಿರಾಗುತ್ತವೆ, ನೀಲಿಯೂ ಹೋದರೆ ತಳದ ಹಳದಿ ಮಾತ್ರ ಉಳಿಯುತ್ತದೆ. ಬಣ್ಣ ಹಚ್ಚುವುದಕ್ಕೆ ಬದಲಾಗಿ ಬಣ್ಣ ತೆಗೆಯುತ್ತ ಹೋಗುವ ಈ ಚಿತ್ರಕಲೆಯಲ್ಲಿ ಕುಂಚದ ಜಾಗದಲ್ಲಿ ಇರುವುದು ಬೆರಳಿನ ಒತ್ತಡ.

ಹಾರುವ ಹಕ್ಕಿಯೊಂದನ್ನು ಚೌಕಟ್ಟಿನಿಂದ ಚೌಕಟ್ಟಿಗೆ ಕೆತ್ತಲು ಹೊರಟೆ. ಪ್ರತಿ ಚೌಕಟ್ಟೂ ಕಿರುಬೆರಳಿನ ಉಗುರಿನಷ್ಟು. ಕರಿಯ ಪಟ್ಟಿಯಲ್ಲಿ ಗೆರೆ ಕಾಣದ ಕಾರಣ, ಚೌಕಟ್ಟಿಗೊಂದರಂತಿರುವ ಅಂಚಿನ ರಂಧ್ರಗಳೇ ಗುರುತು. ಮಧ್ಯಾಹ್ನದ ಹೊತ್ತಿಗೆ 48 ಹಕ್ಕಿಗಳಾದವು, ಎರಡೇ ಸೆಕೆಂಡು. ಕಣ್ಣು ಉರಿದು, ಬೇಸರದಿಂದ ಉಳಿದ ಉದ್ದಕ್ಕೂ ಒಂದೇ ಗೀರು ಎಳೆದುಬಿಟ್ಟೆ.

ಸಂಜೆ ಪ್ರೊಜೆಕ್ಟರಿಗೆ ಹಾಕಿದಾಗ ನನ್ನ ಹಕ್ಕಿ ಹಾರಲಿಲ್ಲ, ಜ್ವರ ಬಂದಂತೆ ನಡುಗಿತು. ಎರಡು ಮೀಟರ್ ಅಗಲದ ಪರದೆಯಲ್ಲಿ ನನ್ನ ಕೈಯ ಅರ್ಧ ಮಿಲಿಮೀಟರ್ ತಪ್ಪು ಸುಮಾರು 10 ಸೆಂಟಿಮೀಟರ್ ಆಗುತ್ತದೆಂಬ ಲೆಕ್ಕವನ್ನು ನಾನು ಹಾಕಿರಲಿಲ್ಲ. ಆಮೇಲೆ ಬಂದದ್ದು ಆ ಗೀರು. ಪ್ರತಿ ಚೌಕಟ್ಟೂ ಅದರ ಒಂದೊಂದು ತುಣುಕನ್ನಷ್ಟೇ ತೋರಿಸುತ್ತಿದ್ದುದರಿಂದ ಕೈಯ ಸಣ್ಣ ಓಲಾಟವೆಲ್ಲ ಚಲನೆಯಾಗಿ, ಗೆರೆಯು ನೀರಿನಲ್ಲಿ ನಿಂತ ಜೊಂಡಿನಂತೆ ಬಳುಕಿತು. ಶ್ರಮಪಟ್ಟದ್ದು ಸತ್ತು, ಉಡಾಫೆಯಿಂದ ಮಾಡಿದ್ದು ಬದುಕಿದ್ದು ನನಗೆ ಸ್ವಲ್ಪ ಅವಮಾನವೆನಿಸಿತು, ಸುಳ್ಳು ಹೇಳಲಾರೆ.

ಅಷ್ಟರಲ್ಲಿ ಧ್ವನಿವರ್ಧಕದಿಂದ ಪಟಪಟ ಸದ್ದು ಬಂತು. ಯಂತ್ರ ಕೆಟ್ಟಿತೆಂದು ನಾನು ಎದ್ದು ನಿಂತೆ. ಅವರು ನಕ್ಕು, ನನ್ನ ಗೀರು ಒಂದು ಕಡೆ ಅಂಚಿನಲ್ಲಿ ಸದ್ದು ದಾಖಲಾಗುವ ಧ್ವನಿಪಟ್ಟಿಗೆ ಹೊರಳಿದೆಯೆಂದೂ, ಧ್ವನಿ ಓದುವ ದೀಪ ಚಿತ್ರದ ಕಿಂಡಿಯಿಂದ 26 ಚೌಕಟ್ಟು ಮುಂದಿರುವುದರಿಂದ ಗೀರು ಕಂಡು ಸೆಕೆಂಡಿನ ಮೇಲೆ ಅದರ ಸದ್ದು ಕೇಳುತ್ತದೆಂದೂ ವಿವರಿಸಿದರು.

"ಅದನ್ನೂ ನೀವೇ ಕೆರೆದದ್ದು," ಎಂದು ಸುರುಳಿಯನ್ನು ಹಿಂದಕ್ಕೆ ಸುತ್ತತೊಡಗಿದರು.