ಕಣಕುಂಬಿಯ ಮಳೆಗೆ ಫ್ಲೋರಿನ್ ರಹಿತ ಜಾಕೆಟ್

ಬೆಳಗಾವಿಯಿಂದ ಜಾಂಬೋಟಿ ಮಾರ್ಗವಾಗಿ ಕಣಕುಂಬಿಗೆ ಜುಲೈ ತಿಂಗಳಲ್ಲಿ ಹೊರಡುವವರು ಊಟ-ವಸತಿಗಿಂತ ಮೊದಲು ರೇನ್‌ಕೋಟಿನ ವಿಚಾರ ಮಾಡುವುದು ಒಳ್ಳೆಯದು. ನಗರದಲ್ಲಿ ಜಿಟಿಜಿಟಿ ಮಳೆಯಿದ್ದ ದಿನವೂ ಜಾಂಬೋಟಿ ದಾಟಿದರೆ ಜಡಿಮಳೆಯೇ ಎದುರಾಗಬಹುದು.

ಜಾಕೆಟ್ಟಿನ ಮೇಲೆ ಬಿದ್ದ ನೀರು ಹನಿಹನಿಯಾಗಿ ಉರುಳಿಹೋಗುವುದು ಹೊರಮೈಗೆ ಹಚ್ಚಿದ ತೆಳುವಾದ ಲೇಪದಿಂದ. ಬಹುಕಾಲ ಇದಕ್ಕೆ ಬಳಕೆಯಲ್ಲಿದ್ದದ್ದು ಪಿಎಫ್‌ಎಎಸ್ ಗುಂಪಿನ ಫ್ಲೋರಿನ್ ರಾಸಾಯನಿಕಗಳು; ಇಂಗಾಲ ಮತ್ತು ಫ್ಲೋರಿನ್ ನಡುವಿನ ಬಂಧ ಅತ್ಯಂತ ಗಟ್ಟಿಯಾದದ್ದರಿಂದ ಅವು ಮಣ್ಣು-ನೀರಿಗೆ ಸೇರಿದ ಮೇಲೂ ಸುಲಭಕ್ಕೆ ನಾಶವಾಗುವುದಿಲ್ಲ. ಈ ಗುಂಪಿನ ಪಿಎಫ್‌ಒಎಯನ್ನು 2019ರಲ್ಲಿ, ಬಹುಕಾಲ ನಾಶವಾಗದ ಮಾಲಿನ್ಯಕಾರಕಗಳ ಕುರಿತ ಅಂತರರಾಷ್ಟ್ರೀಯ ಸ್ಟಾಕ್‌ಹೋಮ್ ಒಪ್ಪಂದದ ನಿಷೇಧ ಪಟ್ಟಿಗೆ ಸೇರಿಸಲಾಯಿತು. ಒಬ್ಬರ ಜಾಕೆಟ್ಟಿನಿಂದ ಹೊಳೆ ಕೆಡುವುದಿಲ್ಲ, ನಿಜ. ಆದರೂ ಹುಬ್ಬಳ್ಳಿ-ಧಾರವಾಡದವರು ಕುಡಿಯುವ ಮಲಪ್ರಭೆ ಹುಟ್ಟುವ ಜಾಗಕ್ಕೆ ಹೋಗಲು ಮೇಣದ ಆಧಾರದ, ಫ್ಲೋರಿನ್ ಇಲ್ಲದ ಲೇಪದ ಜಾಕೆಟ್ಟನ್ನೇ ಆರಿಸಿಕೊಂಡೆ.

ಮಳೆಗೆ ಅದು ಚೆನ್ನಾಗಿಯೇ ತಡೆಯಿತು. ಮೊದಲು ಸೋತದ್ದು ಬ್ಯಾಗಿನ ಪಟ್ಟಿ ಉಜ್ಜುವ ಭುಜದ ಭಾಗ: ಅಲ್ಲಿ ಹನಿ ಉರುಳದೆ ಬಟ್ಟೆ ಕಪ್ಪಾಗಿ ನೆನೆಯಿತು. ಒಳಪದರ ನೀರನ್ನು ತಡೆದರೂ ಹೊರಬಟ್ಟೆ ತೊಯ್ದರೆ ಬೆವರಿನ ಆವಿ ಹೊರಹೋಗದೆ ಒಳಗೇ ತೇವವಾಗಿ ಮೈ ತಣ್ಣಗಾಗುತ್ತದೆ. ಜಾಕೆಟ್ ಸೋರುತ್ತಿದೆ ಎಂದು ಹಲವರು ದೂರುವುದು ಇದನ್ನೇ. ಫ್ಲೋರಿನ್ ಇಲ್ಲದ ಈ ಲೇಪಗಳು ನೀರನ್ನು ತಡೆದರೂ ಎಣ್ಣೆಯನ್ನು ತಡೆಯುವುದಿಲ್ಲ. ಆದ್ದರಿಂದ ದಾರಿಯಲ್ಲಿ ಮಿರ್ಚಿ ಭಜಿ ತಿಂದ ಕೈಯನ್ನು ತೋಳಿಗೆ ಒರೆಸಬೇಡಿ.

ಹೊರಡುವ ಮುನ್ನ ಭುಜದ ಮೇಲೆ ಒಂದು ಚಮಚ ನೀರು ಹಾಕಿ ನೋಡಿ. ಇಂಗಿದರೆ ಇಂಥ ಬಟ್ಟೆಗೆಂದೇ ಮಾರುವ ಸೋಪಿನ ದ್ರಾವಣದಲ್ಲಿ ತೊಳೆದು, ಎರಡೆರಡು ಬಾರಿ ಜಾಲಿಸಿ, ಒಣಗಿದ ಮೇಲೆ, ಲೇಬಲ್ಲಿನಲ್ಲಿ ಅನುಮತಿಯಿದ್ದರೆ, ಹತ್ತಿಬಟ್ಟೆ ಹಾಸಿ ಕಡಿಮೆ ಬಿಸಿಯ ಇಸ್ತ್ರಿ ಆಡಿಸಿ. ಅಷ್ಟಕ್ಕೇ ಹಳೆಯ ಲೇಪ ಮತ್ತೆ ಚುರುಕಾಗುವುದುಂಟು. ಆಗದಿದ್ದರೆ ಮಾತ್ರ ಹೊಸ ಲೇಪ ಹಚ್ಚಬೇಕು, ಕೊಳ್ಳುವಾಗ ‘ಪಿಎಫ್‌ಎಎಸ್ ರಹಿತ’ ಎಂಬ ನಮೂದನ್ನು ಹುಡುಕಬೇಕು. ಬಟ್ಟೆ ಮೆದುವಾಗಿಸುವ ಕಂಡೀಷನರ್ ಮಾತ್ರ ಬೇಡವೇ ಬೇಡ.

ನಡಿಗೆ ಕಡಿಮೆ ಇರುವವರಿಗೆ ಕಂಬಳಿ ಕೊಪ್ಪೆಯೂ ಸಾಕು. ಕುರಿಯ ಉಣ್ಣೆಯಲ್ಲಿರುವ ಸಹಜ ಜಿಡ್ಡು ಸಣ್ಣ ಮಳೆಯನ್ನು ತಡೆಯುತ್ತದೆ, ನೆನೆದರೂ ಬೆಚ್ಚಗಿರುತ್ತದೆ. ಜಡಿಮಳೆಯಲ್ಲಿ ಭಾರವಾಗುವುದೇ ಅದರ ತೊಡಕು. ಖಾನಾಪುರ ಭಾಗದ ಜಲಪಾತಗಳಿಗೆ ಮಳೆಗಾಲದಲ್ಲಿ ಪ್ರವೇಶ ನಿರ್ಬಂಧಿಸುವುದುಂಟು; ಅರಣ್ಯ ಇಲಾಖೆಯಲ್ಲಿ ವಿಚಾರಿಸಿಕೊಂಡೇ ಹೊರಡಿ.