ಕಣದಲ್ಲಿ ಚೆರಿ, ಜಗಲಿಯಲ್ಲಿ ಭಾವ

ಕಳೆದ ಭಾನುವಾರ ಮೂಡಿಗೆರೆ ಕಡೆ ಇರುವ ಅಕ್ಕನ ಮನೆಯಲ್ಲಿ ಕೇಳಿದ ಒಂದು ಪುಟ್ಟ ಸಂಭಾಷಣೆ ವಾರವಿಡೀ ನನ್ನನ್ನು ಕಾಡುತ್ತಿದೆ. ಕಣದ ತುಂಬ ಒಣಗಲು ಹಾಕಿದ ರೊಬಸ್ಟಾ ಕಾಫಿಯ ಹಣ್ಣು, ಅಂದರೆ ಚೆರಿ, ಹರಡಿತ್ತು. ಮಧ್ಯಾಹ್ನದ ಊಟವಾಗಿ ನಾನೂ ಅಕ್ಕನೂ ಹಿತ್ತಲಿನಲ್ಲಿದ್ದಾಗ ಘಟ್ಟದ ಕಡೆಯಿಂದ ಮೋಡ ಏರಿ, ನೋಡನೋಡುತ್ತಿದ್ದಂತೆ ದಪ್ಪ ಹನಿಗಳು ಬೀಳತೊಡಗಿದವು. ಅಕ್ಕ ಓಡಿಬಂದು ನೋಡಿದರೆ, ಭಾವ ಜಗಲಿಯ ಕುರ್ಚಿಯಲ್ಲಿ ಕಣಕ್ಕೆ ಮುಖ ಮಾಡಿಯೇ ಕುಳಿತಿದ್ದರು. ಟಾರ್ಪಾಲು ಅವರ ಕಾಲಬುಡದಲ್ಲೇ ಮಡಚಿಟ್ಟಿತ್ತು.

"ಮಳೆ ಬಂದಿದ್ದು ನೋಡ್ಲಿಲ್ವೇನ್ರೀ?"

"ನೋಡ್ದೆ."

"ಟಾರ್ಪಾಲು ಹೊದಿಸ್ಬೇಕು ಅಂತ ಗೊತ್ತಾಗ್ಲಿಲ್ವಾ?"

"ಹೊದಿಸ್ಬೇಕು ಅಂತ ಗೊತ್ತಿತ್ತು."

ಹಾಗೆಂದ ಮೇಲೂ ಅವರು ಏಳಲಿಲ್ಲ. ಮುಖದಲ್ಲಿ ಸಿಟ್ಟಾಗಲಿ ನಾಚಿಕೆಯಾಗಲಿ ಇರಲಿಲ್ಲ. ಕೇಳಿದ್ದಕ್ಕೆ ಸರಿಯಾದ ಉತ್ತರ ಕೊಟ್ಟವರ ಸಮಾಧಾನವಿತ್ತು. ಅಕ್ಕ ಒಂದು ಕ್ಷಣ ಸುಮ್ಮನಿದ್ದು, ಬೇರೆಯದೇ ದನಿಯಲ್ಲಿ "ಏಳಿ, ಆ ಮೂಲೆ ಹಿಡೀರಿ" ಎಂದಳು. ಅವರು ತಟ್ಟನೆ ಎದ್ದರು. ಚೆರಿಯನ್ನು ಹಲಗೆಯಿಂದ ರಾಶಿಗೆ ಎಳೆದು, ಟಾರ್ಪಾಲು ಹೊದಿಸಿ, ಗಾಳಿ ನುಗ್ಗುವ ಕಡೆಗೆ ಕಲ್ಲು ಹೇರಿ, ನೀರು ಹರಿದುಹೋಗಲು ಕಣದ ಅಂಚನ್ನು ಬಿಡಿಸಿದ ರೀತಿಯಲ್ಲಿ ಮೂವತ್ತು ವರ್ಷ ತೋಟ ನೋಡಿಕೊಂಡವರ ಕೈ ಹಾಗೆಯೇ ಇತ್ತು. ನನಗಿಂತ ಚುರುಕಾಗಿ ಕೆಲಸ ಮುಗಿಸಿ ಮತ್ತೆ ಅದೇ ಕುರ್ಚಿಗೆ ಹೋಗಿ ಕುಳಿತರು.

ಮಲೆನಾಡಿನಲ್ಲಿ ಕಣದ ಮೇಲೆ ಹನಿ ಬಿದ್ದ ಸದ್ದಿಗೆ ಬಾಯಿಗಿಟ್ಟ ತುತ್ತನ್ನು ಬಿಟ್ಟು ಏಳದವರಿಲ್ಲ. ಅವರಲ್ಲೂ ನಮ್ಮ ಭಾವ ಒಂದು ಕೈ ಮೇಲೆ. ನಡುರಾತ್ರಿ ಮಣ್ಣಿನ ವಾಸನೆಗೇ ಎಚ್ಚರವಾಗುತ್ತಿದ್ದ ಮನುಷ್ಯ. ಹೋದ ವರ್ಷ ಮೆಣಸು ಕೊಯ್ಯುವ ಕಾಲದಲ್ಲಿ, ಆಳು ಬರಲಿಲ್ಲವೆಂದು ತಾವೇ ಸಿಲ್ವರ್ ಮರಕ್ಕೆ ಏಣಿ ಹಾಕಿ ಹತ್ತಿದಾಗ ಏಣಿ ಜಾರಿತು. ಹಣೆ ಕಲ್ಲಿಗೆ ಬಡಿಯಿತು. ಸ್ಕ್ಯಾನಿನಲ್ಲಿ ಮಿದುಳಿನ ಮುಂಭಾಗದ ಎರಡೂ ಬದಿಗೆ ಜಜ್ಜುಗಾಯ ಕಂಡಿತು, ಶಸ್ತ್ರಚಿಕಿತ್ಸೆಯ ಅಗತ್ಯ ಬೀಳಲಿಲ್ಲ. ಕೈಕಾಲು ಸರಿಯಾಗಿವೆ, ಮಾತು ಸ್ವಚ್ಛವಾಗಿದೆ, ಯಾವ ವರ್ಷ ಮೆಣಸನ್ನು ಯಾವ ದರಕ್ಕೆ ಕೊಟ್ಟರೆಂಬುದು ಈಗಲೂ ಬಾಯಲ್ಲಿದೆ. ನೋಡಲು ಬಂದವರೆಲ್ಲ ದೇವರು ದೊಡ್ಡವನು ಎಂದು ಹೇಳಿ ಕಾಫಿ ಕುಡಿದು ಹೋದರು.

ಮಿದುಳಿನ ಹೊರಪದರದ ಸುಮಾರು ಮೂರನೆಯ ಒಂದು ಪಾಲು ಈ ಮುಂಭಾಗದ ಹಾಲೆಗೆ, ಅಂದರೆ ಫ್ರಂಟಲ್ ಲೋಬಿಗೆ, ಸೇರಿದ್ದು. ಅದರ ತಳ ಕಣ್ಣುಗುಳಿಗಳ ಮೇಲಿನ ಮೂಳೆಯ ಮೇಲೆ ಕೂತಿದೆ, ಮತ್ತು ಆ ಮೂಳೆಯ ಒಳಮೈ ಉಬ್ಬುತಗ್ಗುಗಳಿಂದ ಒರಟಾಗಿರುತ್ತದೆ. ಓಡುತ್ತಿದ್ದ ಅಥವಾ ಬೀಳುತ್ತಿದ್ದ ತಲೆ ಥಟ್ಟನೆ ನಿಂತಾಗ ಒಳಗಿನ ಮಿದುಳು ಮುಂದಕ್ಕೆ ಸರಿದು ಆ ಒರಟಿಗೆ ಉಜ್ಜುತ್ತದೆ. ಪೆಟ್ಟು ತಲೆಯ ಹಿಂದೆ ಬಿದ್ದಾಗಲೂ ಎಷ್ಟೋ ಸಲ ಗಾಯ ಮುಂದೆ ಆಗುವುದಕ್ಕೆ ಇದೇ ಕಾರಣ. ಆ ಹಾಲೆಯ ತಳಭಾಗ ಕೆಟ್ಟರೆ ಮನುಷ್ಯನಿಗೆ ತಡೆ ಹೋಗುತ್ತದೆ: ಬಾಯಿಗೆ ಬಂದದ್ದನ್ನು ಅನ್ನುತ್ತಾನೆ, ಎದುರಿಗಿರುವವರ ಮನಸ್ಸು ತಿಳಿಯದಂತೆ ನಡೆದುಕೊಳ್ಳುತ್ತಾನೆ. ಹೊರಬದಿಗೆ ಪೆಟ್ಟಾದರೆ ಯೋಜನೆ ಹಾಕುವುದು, ಹಿಡಿದ ದಾರಿ ತಪ್ಪೆಂದು ಗೊತ್ತಾದಾಗ ಬದಲಿಸುವುದು ಕಷ್ಟವಾಗುತ್ತದೆ. ಎರಡು ಅರೆಗೋಳಗಳ ನಡುವಿನ ಒಳಮೈಗೆ ಪೆಟ್ಟಾದರೆ ಯಾವುದನ್ನೂ ತಾನಾಗಿ ಶುರುಮಾಡುವ ಒತ್ತಡವೇ ಹುಟ್ಟುವುದಿಲ್ಲ. ನಿಜವಾದ ಗಾಯಗಳು ಇಷ್ಟು ಅಚ್ಚುಕಟ್ಟಾಗಿ ವಿಂಗಡವಾಗಿ ಬರುವುದಿಲ್ಲ. ಭಾವನಲ್ಲಿ ಎಲ್ಲವೂ ಸ್ವಲ್ಪ ಸ್ವಲ್ಪ ಇದೆ, ಕೊನೆಯದು ಮಾತ್ರ ಹೆಚ್ಚು.

ಬೆಂಗಳೂರಿನ ನಿಮ್ಹಾನ್ಸ್‌ಗೆ ಕರೆದುಕೊಂಡು ಹೋದಾಗ ಅವರು ಲೆಕ್ಕದಲ್ಲಿ, ನೆನಪಿನಲ್ಲಿ ಚೆನ್ನಾಗಿಯೇ ಮಾಡಿದರಂತೆ. ಒಂದು ಅಕ್ಷರ ಕೊಟ್ಟು ಅದರಿಂದ ಆರಂಭವಾಗುವ ಪದಗಳನ್ನು ಒಂದು ನಿಮಿಷ ಹೇಳಿ ಎಂದಾಗ ಮಾತ್ರ ಬೆರಳೆಣಿಕೆಯಷ್ಟು ಹೇಳಿ ನಿಲ್ಲಿಸಿದರು. ಬಣ್ಣ, ಆಕಾರ, ಸಂಖ್ಯೆಗಳ ಪ್ರಕಾರ ಕಾರ್ಡು ಜೋಡಿಸುವ ಪರೀಕ್ಷೆಯಲ್ಲಿ ನಿಯಮವನ್ನು ಗುಟ್ಟಾಗಿ ಬದಲಿಸಿ, ಹಾಕಿದ ಪ್ರತಿ ಕಾರ್ಡಿಗೂ 'ತಪ್ಪು' ಎನ್ನುತ್ತಾ ಹೋದರೂ ಅವರು ಹಳೆಯ ನಿಯಮದಲ್ಲೇ ಮುಂದುವರಿದರು. ಮುಂಭಾಗದ ಹಾಲೆಗೆ ಹಾನಿಯಾದವರು ಈ ಪರೀಕ್ಷೆಯಲ್ಲಿ ಹೀಗೆ ಸಿಕ್ಕಿಹಾಕಿಕೊಳ್ಳುವುದನ್ನು ಕೆನಡಾದ ಮನೋವಿಜ್ಞಾನಿ ಬ್ರೆಂಡಾ ಮಿಲ್ನರ್ 1963ರಲ್ಲೇ ತೋರಿಸಿದ್ದರು. ಆದರೆ ಜಗಲಿಯ ಮಾತಿಗೆ ಇನ್ನೂ ಹತ್ತಿರವಾದದ್ದು ರಷ್ಯಾದ ಮನೋವಿಜ್ಞಾನಿ ಅಲೆಕ್ಸಾಂಡರ್ ಲೂರಿಯಾ ಬರೆದಿಟ್ಟ ವಿವರ. ಎರಡನೆಯ ಮಹಾಯುದ್ಧದಲ್ಲಿ ತಲೆಗೆ ಗಾಯವಾದ ಸೈನಿಕರನ್ನು ವರ್ಷಗಟ್ಟಲೆ ನೋಡಿದವರು ಅವರು. ಕೈಯಲ್ಲಿ ಒತ್ತಲು ಬರುವ ರಬ್ಬರಿನ ಗಾಳಿಚೆಂಡು ಕೊಟ್ಟು, ದೀಪ ಹತ್ತಿದಾಗ ಒತ್ತಬೇಕು ಎಂದರೆ, ಇಂಥ ರೋಗಿ ದೀಪ ಹತ್ತಿದಾಗ "ಹೌದು, ಒತ್ತಬೇಕು" ಎನ್ನುತ್ತಾನೆ, ಆದರೆ ಒತ್ತುವುದಿಲ್ಲ. ಆಜ್ಞೆ ತಲೆಗೆ ಹೋಗಿದೆ, ಕೈಯಲ್ಲಿ ಶಕ್ತಿಯೂ ಇದೆ.

ಹೊದಿಸ್ಬೇಕು ಅಂತ ಗೊತ್ತಿತ್ತು.

ಮೊದಲ ಬಾರಿ ಕೇಳುವ ಯಾರಿಗಾದರೂ ಇದು ಉದ್ಧಟತನವಾಗಿಯೇ ಕೇಳಿಸುತ್ತದೆ. ಗೊತ್ತಿಲ್ಲದೆ ಮಾಡದವನನ್ನು ನಾವು ಕ್ಷಮಿಸುತ್ತೇವೆ, ಕೈಲಾಗದೆ ಮಾಡದವನನ್ನು ಮರುಗುತ್ತೇವೆ, ಗೊತ್ತಿದ್ದೂ ಕೈಲಾಗಿಯೂ ಮಾಡದವನನ್ನು ಬೈಯುತ್ತೇವೆ. ನಾಲ್ಕನೆಯ ಬಗೆಯ ಮನುಷ್ಯನೊಬ್ಬ ಇರಬಹುದೆಂದು ನಮ್ಮ ನ್ಯಾಯಪಂಚಾಯಿತಿಗಳು ಯೋಚಿಸಿಯೇ ಇಲ್ಲ. ಭಾವನ ಅಣ್ಣನಂತೂ ಇದನ್ನು ಸೊಕ್ಕು ಎಂದು ತೀರ್ಮಾನಿಸಿಬಿಟ್ಟಿದ್ದಾರೆ. ಅವರು ಕೆಟ್ಟವರೇನಲ್ಲ, ಸ್ಕ್ಯಾನಿನ ಖರ್ಚಿನಲ್ಲಿ ಅರ್ಧ ಕೊಟ್ಟವರೂ ಅವರೇ, ಆದರೆ ಖರ್ಚು ಕೊಟ್ಟ ಮೇಲೆ ಕಾಯಿಲೆ ಗುಣವಾಗಲೇಬೇಕು ಎನ್ನುವ ಜಾತಿಯ ಜನ. ಅಕ್ಕನ ಅತ್ತೆ ಗ್ರಹಗತಿಯ ಮೇಲೆ ಹಾಕಿದ್ದಾರೆ. ಮಗನನ್ನು ಬೈಯದೆ ಶನಿಯನ್ನು ಬೈಯುವ ಅವರೇ ಆ ಮನೆಯಲ್ಲಿ ಸತ್ಯಕ್ಕೆ ಹೆಚ್ಚು ಹತ್ತಿರವಿದ್ದಾರೆ ಎಂದು ನನಗೆ ಅನ್ನಿಸುತ್ತದೆ.

ಈ ವಿಷಯ ಬಂದಾಗಲೆಲ್ಲ ಪಾಠಪುಸ್ತಕಗಳು ಅಮೆರಿಕದ ಫಿನಿಯಾಸ್ ಗೇಜ್‌ನನ್ನು ಎಳೆದು ತರುತ್ತವೆ. 1848ರ ಸೆಪ್ಟೆಂಬರ್ 13ರಂದು ವರ್ಮಾಂಟ್‌ನ ಕ್ಯಾವೆಂಡಿಶ್ ಬಳಿ ರೈಲುಹಳಿಗಾಗಿ ಬಂಡೆ ಸಿಡಿಸುತ್ತಿದ್ದಾಗ ಕಬ್ಬಿಣದ ಸಲಾಕೆಯೊಂದು ಅವನ ಕೆನ್ನೆಯಿಂದ ಹೊಕ್ಕು ನೆತ್ತಿಯಿಂದ ಹೊರಬಂದಿತು, ಅವನು ಬದುಕಿದ, ಸಭ್ಯನಾಗಿದ್ದವನು ಒರಟನಾದ ಎಂಬಲ್ಲಿಗೆ ಕತೆ ಮುಗಿಯುತ್ತದೆ. ಆಮೇಲೆ ಅವನು ಚಿಲಿ ದೇಶಕ್ಕೆ ಹೋಗಿ ಹಲವು ವರ್ಷ ಕುದುರೆಗಾಡಿ ಓಡಿಸಿಕೊಂಡಿದ್ದ ಎಂಬುದನ್ನು ಕಡಿಮೆ ಜನ ಹೇಳುತ್ತಾರೆ. ದಿನವೂ ಅದೇ ದಾರಿ, ಅದೇ ಹೊತ್ತು, ಅದೇ ಕುದುರೆಗಳು: ಮುಂದೇನು ಎಂದು ತಾನೇ ಹುಟ್ಟಿಸಿಕೊಳ್ಳಬೇಕಾದ ಕಷ್ಟ ಅಲ್ಲಿ ಕಡಿಮೆ ಇದ್ದುದರಿಂದ ಅವನು ಸುಧಾರಿಸಿಕೊಂಡಿರಬೇಕೆಂದು ಅವನ ಜೀವನವನ್ನು ಮತ್ತೆ ಕೆದಕಿದವರು ವಾದಿಸುತ್ತಾರೆ. ನಮಗೆ ಬೇಕಾದದ್ದು ಕತೆಯ ಈ ಅರ್ಧ.

ಭಾವನಿಗೂ ಬೇಕಾಗಿರುವುದು ಹೊರಗಿನಿಂದ ಬರುವ ಒಂದು ನೂಕು. ಮೊಬೈಲಿನಲ್ಲಿ ಅಲಾರಾಂ ಇಟ್ಟು ನೋಡಿದ್ದಾಯಿತು. ಅಲಾರಾಂ ಹೊಡೆದರೆ ಅದನ್ನು ಶಿಸ್ತಾಗಿ ಆರಿಸಿ ಕುಳಿತುಕೊಳ್ಳುತ್ತಾರೆ, ಏಕೆಂದರೆ ಅಲಾರಾಂ ಕೇಳುವುದು ತನ್ನನ್ನು ಆರಿಸಲು ಮಾತ್ರ. ಗೋಡೆಗೆ ಅಂಟಿಸಿದ ಪಟ್ಟಿಯನ್ನು ಗಟ್ಟಿಯಾಗಿ ಓದುತ್ತಾರೆ. ಕೆಲಸಕ್ಕೆ ಬರುವುದು ಚಿಕ್ಕ ಮಾತು, ಒಮ್ಮೆಗೆ ಒಂದೇ: ಏಳಿ. ಚಪ್ಪಲಿ ಹಾಕಿ. ಪಂಪ್‌ಹೌಸಿಗೆ ಹೋಗಿ. ಬೆಳಗಿನಿಂದ ರಾತ್ರಿಯವರೆಗೆ ಅಕ್ಕ ಹೀಗೆ ಹೇಳುತ್ತಲೇ ಇರುತ್ತಾಳೆ, ಮತ್ತು ದಾರಿಹೋಕರಿಗೆ ಕಾಣುವುದು ಗಂಡನ ಮೇಲೆ ಯಜಮಾನಿಕೆ ನಡೆಸುವ ಹೆಂಗಸು. "ಹೆಂಡ್ತಿ ಹೇಳಿದ್ರೆ ಮಾತ್ರ ಏಳ್ತಾನೆ" ಎಂದು ಅಣ್ಣ ಸಂತೆಯಲ್ಲಿ ನಗೆಯಾಡಿದ್ದು ಅವಳ ಕಿವಿಗೂ ಬಿದ್ದಿದೆ. ಆ ಮಾತು ಅಕ್ಷರಶಃ ನಿಜ, ವೈದ್ಯರು ಇಂಗ್ಲಿಷಿನಲ್ಲಿ ಬರೆದುಕೊಟ್ಟದ್ದೂ ಹೆಚ್ಚುಕಡಿಮೆ ಅದನ್ನೇ.

ತಲೆಗೆ ಯಾವ ಪೆಟ್ಟೂ ಬೀಳದ ಗಂಡಸರಿರುವ ಎಷ್ಟು ಮನೆಗಳಲ್ಲಿ ಸ್ನಾನ, ಮಾತ್ರೆ, ಸೊಸೈಟಿಯ ಸಾಲದ ಕಂತು, ಮದುವೆಮನೆಗೆ ಹೊರಡುವುದು, ಎಲ್ಲವನ್ನೂ ಹೆಂಗಸರೇ ಶುರುಮಾಡಿಸುತ್ತಾರೆ ಎಂದು ಈ ವಾರ ನಾನು ಯೋಚಿಸುತ್ತಿದ್ದೇನೆ. ಅಲ್ಲಿ ಅದನ್ನು ಸಂಸಾರ ಎನ್ನುತ್ತೇವೆ, ಯಾರೂ ಸಂತೆಯಲ್ಲಿ ನಗುವುದಿಲ್ಲ. ಅಕ್ಕನ ಹೊರೆ ಭಾರವಾಗಿರುವುದು ಅವಳಿಗೆ ವಿರಾಮವಿಲ್ಲ ಎಂಬುದರಿಂದ, ಮತ್ತು ಅವಳು ದೂರುವಂತಿಲ್ಲ ಎಂಬುದರಿಂದಲೂ; ನಡೆದಾಡುವ, ನಗುವ, ಉಂಡು ಮಲಗುವ ಗಂಡನ ಬಗ್ಗೆ ಏನೆಂದು ದೂರುವುದು? ಭಾವನಿಗಂತೂ ತನ್ನಲ್ಲಿ ಏನೋ ಕಡಿಮೆಯಾಗಿದೆ ಎಂಬ ಅರಿವೇ ಅಷ್ಟಾಗಿಲ್ಲ. ಅದನ್ನು ಅರಿಯಲು ಬೇಕಾದ ಭಾಗವೂ ಪೆಟ್ಟು ತಿಂದಿದೆ.

ಮುಂದಿನ ತಿಂಗಳು ಅಕ್ಕನಿಗೆ ಹಾಸನದಲ್ಲಿ ಮಂಡಿಯ ಶಸ್ತ್ರಚಿಕಿತ್ಸೆ ಇದೆ. ಆಗ ಮನೆಯಲ್ಲಿ ಯಾರಿರಬೇಕು ಎಂಬ ಮಾತು ಮಳೆ ನಿಂತ ಮೇಲೆ ಬಂತು. ಅಣ್ಣ ತಾವೇ ಬಂದು ಇರುವುದಾಗಿ ಹೇಳಿದ್ದರಂತೆ. ಬರಲಿ, ಆದರೆ "ಯಾಕೆ ಮಾಡಲಿಲ್ಲ" ಎಂದು ಒಮ್ಮೆಯೂ ಕೇಳಕೂಡದು, ಏನು ಮಾಡಬೇಕೆಂದಷ್ಟೇ ಹೇಳಬೇಕು ಎಂದು ಅಕ್ಕ ಷರತ್ತು ಹಾಕಿದ್ದಾಳೆ. ತಮ್ಮನನ್ನು ಬೈಯದೆ ಒಂದು ವಾರ ಇರುವುದು ಅವರಿಂದ ಆಗದ ಮಾತು. ತೋಟದ ಲೆಕ್ಕ ಬರೆಯುವ ರೈಟರು ಹಗಲು ಹೊತ್ತು ಗಂಟೆಗೊಮ್ಮೆ ಬಂದು ಹೇಳಿಹೋಗಲು ಒಪ್ಪಿದ್ದಾರೆ, ಯಜಮಾನರಿಗೆ ಏಕವಾಕ್ಯದಲ್ಲಿ ಆಜ್ಞೆ ಮಾಡಲು ಅವರಿಗೆ ತುಂಬ ಸಂಕೋಚವಾಗುತ್ತಿದೆಯಾದರೂ. ರಾತ್ರಿಗಳಿಗೆ ನಾನು ರಜೆ ಬರೆದುಕೊಟ್ಟಿದ್ದೇನೆ.